ಐಸ್‌ಕ್ರೀಮ್ ಕದಿಯುವ ಹೈಡ್: ಸ್ಟ್ಯಾನ್ ಲಾರೆಲ್‌ನ 1925ರ ಮದ್ದಿನ ಚಿತ್ರದ ಬಗ್ಗೆ

ಹಳೆಯ ರೀಲು:

ಸ್ಟ್ಯಾನ್ ಲಾರೆಲ್ ಒಬ್ಬನೇ ನಾಯಕನಾಗಿ ನಟಿಸಿದ 'ಡಾಕ್ಟರ್ ಪಿಕಲ್ ಅಂಡ್ ಮಿಸ್ಟರ್ ಪ್ರೈಡ್' ಎಂಬ ಎರಡು ರೀಲಿನ ಮೂಕಿಚಿತ್ರವನ್ನು ಕಳೆದ ವಾರ ಮೂರನೆಯ ಬಾರಿಗೆ ನೋಡಿದೆ. ಇದು ತೆರೆಗೆ ಬಂದದ್ದು 1925ರಲ್ಲಿ. ನಿರ್ಮಾಪಕ ಜೋ ರಾಕ್, ನಿರ್ದೇಶನದಲ್ಲಿ ಸ್ಕಾಟ್ ಪೆಂಬ್ರೋಕ್ ಜೊತೆ ರಾಕ್‌ನ ಹೆಸರೂ ಇದೆ. ಆಲಿವರ್ ಹಾರ್ಡಿಯ ಜೊತೆ ಖಾಯಂ ಜೋಡಿಯಾಗಲು ಲಾರೆಲ್‌ಗೆ ಆಗ ಇನ್ನೂ ಎರಡು ವರ್ಷ ಬಾಕಿ ಇತ್ತು. ಜೆಕಿಲ್ ಎಂಬ ವೈದ್ಯ ತಾನೇ ಮಾಡಿದ ಮದ್ದು ಕುಡಿದು ಹೈಡ್ ಎಂಬ ದುಷ್ಟನಾಗಿ ಬದಲಾಗುವ, ರಾಬರ್ಟ್ ಲೂಯಿ ಸ್ಟೀವನ್‌ಸನ್ 1886ರಲ್ಲಿ ಪ್ರಕಟಿಸಿದ ಕಥೆಯನ್ನು, ಅದರಲ್ಲೂ ಜಾನ್ ಬ್ಯಾರಿಮೋರ್ ನಟಿಸಿದ 1920ರ ಗಂಭೀರ ಚಿತ್ರವನ್ನು ಇದು ಅಣಕಿಸುತ್ತದೆ ಎಂಬುದು ಎಲ್ಲರೂ ಬಲ್ಲ ವಿಷಯ. ಅಷ್ಟೇ ಹೇಳಿ ಕೈತೊಳೆದುಕೊಳ್ಳುವುದು ಈ ಚಿತ್ರಕ್ಕೆ ಮಾಡುವ ಅನ್ಯಾಯವೆಂದು ಅನ್ನಿಸುತ್ತಿರುವುದರಿಂದ ಈ ಚರ್ಚೆಯನ್ನು ಆರಂಭಿಸುತ್ತಿದ್ದೇನೆ.

ನನ್ನ ಮಾತು ಇಷ್ಟು. ಮದ್ದು ಕುಡಿದ ಮೇಲೆ ಒಳಗಿನಿಂದ ಎದ್ದು ಬರುವುದೇನು ಎಂಬ ಪ್ರಶ್ನೆಗೆ ಸ್ಟೀವನ್‌ಸನ್ ಕೊಟ್ಟ ಉತ್ತರ ರಾಕ್ಷಸ. ಲಾರೆಲ್ ಕೊಟ್ಟ ಉತ್ತರ ತುಂಟ ಹುಡುಗ. ಆ ಪುಸ್ತಕದಲ್ಲಿ ಹೈಡ್ ಮೊದಲ ಬಾರಿಗೆ ಕಾಣಿಸಿಕೊಳ್ಳುವುದೇ ನಡುರಾತ್ರಿ ಬೀದಿಯಲ್ಲಿ ಎದುರಾದ ಪುಟ್ಟ ಹುಡುಗಿಯನ್ನು ತುಳಿದುಕೊಂಡು ಹೋಗುವ ದೃಶ್ಯದಲ್ಲಿ. ಲಾರೆಲ್‌ನ ಪ್ರೈಡ್, ಅಂದರೆ ಮದ್ದು ಕುಡಿದ ಡಾಕ್ಟರ್ ಪಿಕಲ್, ಕೂಡ ಬೀದಿಗಿಳಿದು ಮಗುವಿನ ಮೇಲೆಯೇ ಕಣ್ಣು ಹಾಕುತ್ತಾನೆ, ಆದರೆ ಅವನು ಮಾಡುವುದು ಹುಡುಗನ ಕೈಯಲ್ಲಿದ್ದ ಐಸ್‌ಕ್ರೀಮನ್ನು ಕಸಿದುಕೊಳ್ಳುವುದು. ಆಮೇಲೆ ಊದುಗೊಳವೆಯಿಂದ ಕಾಳು ಹಾರಿಸುತ್ತಾನೆ. ಗಾಳಿ ತುಂಬಿದ ಕಾಗದದ ಚೀಲವನ್ನು ಹೆಂಗಸೊಬ್ಬಳ ಬೆನ್ನ ಹಿಂದೆ ಢಬ್ಬೆನ್ನಿಸುತ್ತಾನೆ. ಎರಡೂ ತುದಿಯಲ್ಲಿ ಬೆರಳು ತೂರಿಸಿದರೆ ಎಳೆದಷ್ಟೂ ಬಿಗಿಯಾಗುವ ಆ ಹೆಣೆದ ಆಟಿಕೆಯಲ್ಲಿ ದಾರಿಹೋಕರ ಬೆರಳು ಸಿಕ್ಕಿಸಿ ಹಿಗ್ಗುತ್ತಾನೆ. ಊರಿಗೆ ಊರೇ ಕೊಲೆಗಾರನನ್ನು ಅಟ್ಟಿಸಿಕೊಂಡು ಹೋಗುವಂತೆ ಅವನ ಬೆನ್ನು ಹತ್ತುತ್ತದೆ. ಮುಂದೆ ಮೂರು ದಶಕ ಲೋಕವನ್ನು ನಗಿಸಿದ ಆ ಮಗುವಿನ ಮನಸ್ಸಿನ ಸ್ಟ್ಯಾನ್ ಇಲ್ಲಿಯೇ, ಈ ವಿಕಾರ ವೇಷದ ಅಡಿಯಲ್ಲಿ ಮೊದಲ ಬಾರಿಗೆ ಇಣುಕಿದ್ದಾನೆಯೇ ಎಂಬುದು ನನ್ನ ಪ್ರಶ್ನೆ.

ಬೆಳ್ಳಿಪರದೆ:

ತಮ್ಮ ಮಾತಿನ ಮೊದಲರ್ಧವನ್ನು ಪೂರ್ತಿಯಾಗಿ ಒಪ್ಪುತ್ತೇನೆ, ಎರಡನೆಯ ಅರ್ಧವನ್ನು ಒಪ್ಪಲಾರೆ. ಹಾರ್ಡಿಯ ಪಕ್ಕದಲ್ಲಿ ನಿಂತು ತಲೆ ಕೆರೆದುಕೊಳ್ಳುವ ಸ್ಟ್ಯಾನ್‌ಗೆ ತಾನು ಮಾಡುತ್ತಿರುವುದು ತಪ್ಪೆಂದೇ ಹೊಳೆಯುವುದಿಲ್ಲ. ಅವನಿಂದಾಗುವ ಅನಾಹುತಗಳೆಲ್ಲ ತಿಳಿಯದೆ ಆಗುವ ಅನಾಹುತಗಳು. ಪ್ರೈಡ್ ಹಾಗಲ್ಲ. ಐಸ್‌ಕ್ರೀಮ್ ಕದಿಯುವುದು ಪಾಪವೆಂದು ಅವನಿಗೆ ಚೆನ್ನಾಗಿ ಗೊತ್ತು, ಪಾಪವೆಂಬ ಕಾರಣಕ್ಕೇ ಅದು ಅವನಿಗೆ ರುಚಿ. ಪ್ರತಿ ಕಿತಾಪತಿಯ ನಂತರ ಅವನು ಕುಣಿಯುವ ರೀತಿಯನ್ನು ಗಮನಿಸಿ. ಮಗುವಿನ ಕೃತ್ಯ ಮತ್ತು ಮಗುವಿನ ಮನಸ್ಸು ಒಂದೇ ಅಲ್ಲ, ಇಲ್ಲಿರುವುದು ಕೃತ್ಯ ಮಾತ್ರ.

ಇನ್ನೊಂದು ಮಾತು. ಬ್ಯಾರಿಮೋರ್‌ನ ಚಿತ್ರವನ್ನು ನೋಡದವರಿಗೆ ಲಾರೆಲ್‌ನ ಚಿತ್ರದ ಅರ್ಧದಷ್ಟು ಸೊಗಸು ದಕ್ಕುವುದಿಲ್ಲ. ಬ್ಯಾರಿಮೋರ್ ಮೊದಲ ರೂಪಾಂತರದ ಆರಂಭವನ್ನು ಬಣ್ಣದ ಸಹಾಯವಿಲ್ಲದೆ, ಬರಿಯ ಮುಖದ ಸ್ನಾಯುಗಳಿಂದ ಮತ್ತು ಮೈ ಸೆಟೆಯುವಿಕೆಯಿಂದ ಸಾಧಿಸಿದ್ದಾನೆ. ಮೇಕಪ್ಪಿನ ಬೆರಳು, ಜೋಲುಗೂದಲು, ಮೊನಚು ನೆತ್ತಿ ಇವೆಲ್ಲ ಆಮೇಲೆ ಬರುತ್ತವೆ. ಲಾರೆಲ್ ಅಣಕಿಸುವುದು ಕಥೆಯನ್ನಲ್ಲ, ಆ ಸೆಟೆಯುವಿಕೆಯನ್ನು. ಬ್ಯಾರಿಮೋರ್ ಒಂದು ಪಾಲು ನಡುಗಿದರೆ ಲಾರೆಲ್ ನಾಲ್ಕು ಪಾಲು ನಡುಗುತ್ತಾನೆ. ಆ ಅತಿರೇಕದ ಒಳಗೆ ಮೂಲ ನಟನ ಬಗ್ಗೆ ಇರುವ ಮೆಚ್ಚುಗೆಯೂ ಕಾಣುತ್ತದೆ, ಏಕೆಂದರೆ ಅಷ್ಟು ಸೂಕ್ಷ್ಮವಾಗಿ ನೋಡದೆ ಅಷ್ಟು ಚೆನ್ನಾಗಿ ಅಣಕಿಸಲು ಆಗುವುದಿಲ್ಲ.

ಸಾಗರದವಳು:

ಬ್ಯಾರಿಮೋರ್‌ನ ಚಿತ್ರದಲ್ಲಿ ಹೈಡ್ ಮರಳಿ ಜೆಕಿಲ್ ಆಗುವ ನಡುಕದಲ್ಲಿ ಅಂಟಿಸಿದ ಕೃತಕ ಬೆರಳೊಂದು ಹಾರಿಹೋಗುವುದು ಪರದೆಯ ಮೇಲೆಯೇ ಕಾಣುತ್ತದೆ. ಗಂಭೀರ ಚಿತ್ರವೇ ಪ್ರಹಸನದ ಅಂಚಿನಲ್ಲಿ ನಿಂತಿತ್ತು ಎಂಬುದಕ್ಕೆ ಅದಕ್ಕಿಂತ ದೊಡ್ಡ ಸಾಕ್ಷಿ ಬೇಕಿಲ್ಲ.

ಹಳೆಯ ರೀಲು:

ಬೆಳ್ಳಿಪರದೆಯವರೇ, ಕೃತ್ಯಕ್ಕೂ ಮನಸ್ಸಿಗೂ ತಾವು ತೋರಿಸಿದ ವ್ಯತ್ಯಾಸ ನನ್ನನ್ನು ಯೋಚನೆಗೆ ಹಚ್ಚಿದೆ, ಅದಕ್ಕೆ ಮತ್ತೆ ಬರುತ್ತೇನೆ. ಆದರೆ ಬ್ಯಾರಿಮೋರ್‌ನನ್ನು ನೋಡದವರಿಗೆ ಅರ್ಧ ಸೊಗಸು ತಪ್ಪುತ್ತದೆ ಎಂಬ ಮಾತಿನ ಬಗ್ಗೆ ನನಗೆ ಅನುಮಾನವಿದೆ. 1925ರ ಪ್ರೇಕ್ಷಕರಿಗೆ ಈ ಕಥೆ ಅಂಗೈ ಗೆರೆಯಷ್ಟು ಪರಿಚಿತವಾಗಿತ್ತು. ರಿಚರ್ಡ್ ಮ್ಯಾನ್ಸ್‌ಫೀಲ್ಡ್ 1887ರಲ್ಲಿಯೇ ಬಾಸ್ಟನ್ನಿನ ರಂಗಭೂಮಿಯಲ್ಲಿ ಜೆಕಿಲ್ ಆಗಿ ಹೆಸರು ಮಾಡಿದ್ದ. 1912ರಲ್ಲಿ ಜೇಮ್ಸ್ ಕ್ರೂಜ್, 1913ರಲ್ಲಿ ಕಿಂಗ್ ಬ್ಯಾಗಟ್ ತೆರೆಯ ಮೇಲೆ ಆ ಪಾತ್ರ ಮಾಡಿದರು. 1920ರಲ್ಲಂತೂ ಬ್ಯಾರಿಮೋರ್‌ನ ಚಿತ್ರದ ಜೊತೆಗೆ ಶೆಲ್ಡನ್ ಲೂಯಿಸ್‌ನ ಇನ್ನೊಂದು ಚಿತ್ರ ಬಂತು. ಅದೇ ವರ್ಷ ಜರ್ಮನಿಯಲ್ಲಿ ಮುರ್ನಾವ್ ಹೆಸರುಗಳನ್ನು ಬದಲಿಸಿ ಕಾನ್ರಾಡ್ ಫೈಟ್‌ನನ್ನು ಹಾಕಿಕೊಂಡು ಇದೇ ಕಥೆಯನ್ನು ತೆಗೆದ, ಆ ಚಿತ್ರ ಈಗ ಕಳೆದುಹೋಗಿದೆ. ಹೀಗಿರುವಾಗ ಗಾಜಿನ ಲೋಟ, ಹೊಗೆ, ಗಂಟಲು ಹಿಡಿದುಕೊಳ್ಳುವ ಕೈ ಕಂಡರೆ ಸಾಕು, ಮುಂದಿನದು ಏನೆಂದು ಎಲ್ಲರಿಗೂ ತಿಳಿಯುತ್ತಿತ್ತು. ಇಂದಿನ ನಮಗೂ ತಿಳಿಯುತ್ತದೆ, ಒಬ್ಬ ನಿರ್ದಿಷ್ಟ ನಟನ ನೆನಪು ಅದಕ್ಕೆ ಬೇಕಿಲ್ಲ.

ತಬಲಾ ಮಾಸ್ತರ:

ಮದ್ದಿನ ಬಗ್ಗೆಯೇ ಒಂದು ಮಾತು ಸೇರಿಸಲು ಅನುಮತಿ ಕೋರುತ್ತೇನೆ. ಸ್ಟೀವನ್‌ಸನ್‌ನ ಪುಸ್ತಕದಲ್ಲಿ ಮದ್ದಿನ ವರ್ಣನೆ ಬಹಳ ಸೊಗಸಾಗಿದೆ. ಪುಡಿ ಬೆರೆಸಿದಾಗ ಅದು ಮೊದಲು ಕೆಂಪಗಿರುತ್ತದೆ, ಹರಳು ಕರಗಿದಂತೆ ಸದ್ದು ಮಾಡುತ್ತಾ ನೊರೆಯುಕ್ಕಿ ಆವಿ ಕಾರುತ್ತದೆ, ಬಳಿಕ ಕಡುನೇರಳೆಗೆ ತಿರುಗಿ ಕೊನೆಗೆ ನೀರುಹಸಿರಾಗಿ ನಿಲ್ಲುತ್ತದೆ. ಈಗ ಮೂಕಿಚಿತ್ರದ ಕಷ್ಟವನ್ನು ಊಹಿಸಿ. ಕಪ್ಪುಬಿಳುಪಿನಲ್ಲಿ ಆ ಮೂರು ಬಣ್ಣವಿಲ್ಲ, ಆ ನೊರೆಯ ಸದ್ದೂ ಇಲ್ಲ. ಉಳಿಯುವುದು ಹೊಗೆ ಒಂದೇ. ಆದ್ದರಿಂದ ಮದ್ದಿನ ಮಹಿಮೆಯನ್ನೆಲ್ಲ ಕುಡಿದವನ ಮೈಯೇ ಹೇಳಬೇಕು. ಮೂಕಿ ಯುಗಕ್ಕೆ ಮಾಯಾ ಮದ್ದು ಇಷ್ಟು ಒಗ್ಗಿದ್ದು ಇದೇ ಕಾರಣಕ್ಕೆ ಎಂದು ನನ್ನ ಭಾವನೆ. ಒಳಗೆ ಏನಾಗುತ್ತಿದೆ ಎಂದು ಮಾತಿನಲ್ಲಿ ಹೇಳಲಾಗದ ಕಲೆಗೆ ಬಾಟಲಿಯೊಂದು ಸಿಕ್ಕಿದರೆ ನಟನಿಗೆ ಮೈ ಕುಣಿಸಲು ಕಾರಣ ಸಿಕ್ಕಿದಂತೆ.

ಚಾಪ್ಲಿನ್ 1917ರಲ್ಲಿ ಮಾಡಿದ ಎರಡು ಚಿತ್ರಗಳನ್ನೇ ನೋಡಿ. 'ದಿ ಕ್ಯೂರ್'ನಲ್ಲಿ ಆರೋಗ್ಯಧಾಮದ ಔಷಧಿ ನೀರಿನ ಬಾವಿಗೆ ಮದ್ಯದ ಬಾಟಲಿಗಳು ಬಿದ್ದು, ಅದನ್ನು ಕುಡಿದ ರೋಗಿಗಳೆಲ್ಲ ತೂರಾಡುತ್ತಾರೆ. 'ಈಸಿ ಸ್ಟ್ರೀಟ್'ನಲ್ಲಿ ಅಮಲಿನ ಮದ್ದು ತುಂಬಿದ ಸೂಜಿಯ ಮೇಲೆ ಪೊಲೀಸ್ ವೇಷದ ಚಾಪ್ಲಿನ್ ಕುಳಿತುಬಿಡುತ್ತಾನೆ, ಮರುಕ್ಷಣವೇ ಭೀಮಬಲ ಬಂದು ಪುಂಡರನ್ನೆಲ್ಲ ಕೆಡವುತ್ತಾನೆ. ಇವನ್ನು ಮಾಯಾ ಮದ್ದೆಂದು ಯಾರೂ ಕರೆಯುವುದಿಲ್ಲ, ಆದರೆ ಕೆಲಸ ಅದೇ. ಚಾಪ್ಲಿನ್ ಮತ್ತು ಲಾರೆಲ್ ಇಬ್ಬರೂ ಇಂಗ್ಲೆಂಡಿನ ಫ್ರೆಡ್ ಕಾರ್ನೋನ ಪ್ರಹಸನ ತಂಡದಿಂದ ಬಂದವರು, 1910ರಲ್ಲಿ ಒಂದೇ ಹಡಗಿನಲ್ಲಿ ಅಮೆರಿಕಕ್ಕೆ ಹೋದವರು. ಆ ತಂಡದ ಅತ್ಯಂತ ಹೆಸರಾದ ಪ್ರಹಸನದಲ್ಲಿ ಚಾಪ್ಲಿನ್ ಕುಡುಕನ ಪಾತ್ರ ಮಾಡುತ್ತಿದ್ದ, ಲಾರೆಲ್ ಅವನ ಬದಲಿ ನಟನಾಗಿದ್ದ. ಕುಡಿದವನ ಮೈಯನ್ನು ಮಾತಿಲ್ಲದೆ ಆಡಿ ತೋರಿಸುವ ಆ ಗರಡಿಯಲ್ಲಿ ಪಳಗಿದವನಿಗೆ ಡಾಕ್ಟರ್ ಪಿಕಲ್‌ನ ಮದ್ದು ಹೊಸದೇನಲ್ಲ.

ಬೆಳ್ಳಿಪರದೆ:

ಕಾರ್ನೋ ತಂಡದ ಎಳೆಯನ್ನು ಹಿಡಿದದ್ದು ಬಹಳ ಸರಿಯಾಯಿತು. ಹಳೆಯ ರೀಲು ಅವರ ಆಕ್ಷೇಪಣೆಗೆ ನನ್ನ ಉತ್ತರವೂ ಅದರೊಳಗೇ ಇದೆ. ಕಥೆ ಪರಿಚಿತವಿದ್ದರೆ ನಗು ಬರುತ್ತದೆ, ಒಪ್ಪಿದೆ. ಮೈಯ ಭಾಷೆಯೇ ಮುಖ್ಯವಾದಾಗ ಮಾತ್ರ ಯಾರ ಮೈಯನ್ನು ಅಣಕಿಸಲಾಗುತ್ತಿದೆ ಎಂಬುದೂ ಮುಖ್ಯವಾಗುತ್ತದೆ. ಲಾರೆಲ್‌ಗೆ ಇದು ಅಭ್ಯಾಸವೇ ಆಗಿತ್ತು. ರುಡಾಲ್ಫ್ ವ್ಯಾಲೆಂಟಿನೋನ ಗೂಳಿಕಾಳಗದ ಚಿತ್ರ ಬಂದ 1922ರಲ್ಲಿಯೇ ಅದನ್ನು ಅಣಕಿಸಿ 'ಮಡ್ ಅಂಡ್ ಸ್ಯಾಂಡ್' ಮಾಡಿ, ಅದರಲ್ಲಿ ರೂಬಾರ್ಬ್ ವ್ಯಾಸಲೀನೋ ಎಂಬ ಹೆಸರಿಟ್ಟುಕೊಂಡ. ಮರುವರ್ಷ 'ದಿ ಸಾಯ್ಲರ್ಸ್' ಬಂತು. ಇವುಗಳಲ್ಲೆಲ್ಲ ಅವನು ಬೇರೆಯವರ ವೇಷ ತೊಟ್ಟು ತನ್ನದೇ ವೇಷವನ್ನು ಹುಡುಕುತ್ತಿದ್ದ ಎನ್ನಿಸುತ್ತದೆ.

ಓದುಗ, ಮೈಸೂರು:

ನಾನು ಈ ಚಿತ್ರವನ್ನು ಎರಡು ಪ್ರತಿಗಳಲ್ಲಿ ನೋಡಿದ್ದೇನೆ, ಎರಡೂ ಬೇರೆ ಬೇರೆ ಚಿತ್ರಗಳೇನೋ ಎನ್ನುವಷ್ಟು ವ್ಯತ್ಯಾಸ ಕಂಡಿತು. ಒಂದರಲ್ಲಿ ಎಲ್ಲರೂ ಸರಸರನೆ ಓಡಾಡುತ್ತಾರೆ, ಇನ್ನೊಂದರಲ್ಲಿ ಸಾವಧಾನವಾಗಿ ನಡೆಯುತ್ತಾರೆ. ಯಾವುದು ಸರಿ ಎಂದು ತಿಳಿದವರು ಹೇಳಬೇಕು.

ಹಳೆಯ ರೀಲು:

ಇದಕ್ಕೆ ಲೆಕ್ಕ ಹೇಳುತ್ತೇನೆ. 35 ಮಿಲಿಮೀಟರ್ ಫಿಲ್ಮಿನ ಒಂದು ಅಡಿಗೆ 16 ಚೌಕಟ್ಟುಗಳು (ಫ್ರೇಮುಗಳು), ಸಾವಿರ ಅಡಿಯ ತುಂಬು ರೀಲಿಗೆ 16,000. ಸೆಕೆಂಡಿಗೆ 16 ಚೌಕಟ್ಟಿನಂತೆ ಓಡಿಸಿದರೆ ಆ ರೀಲು 16 ನಿಮಿಷ 40 ಸೆಕೆಂಡು ಬರುತ್ತದೆ, 24ರಂತೆ ಓಡಿಸಿದರೆ 11 ನಿಮಿಷ ಚಿಲ್ಲರೆಗೆ ಮುಗಿಯುತ್ತದೆ. ಮೂಕಿ ಕಾಲದಲ್ಲಿ ಕ್ಯಾಮೆರಾ ತಿರುಗಿಸುವ ವೇಗಕ್ಕೂ ಪ್ರದರ್ಶಿಸುವ ವೇಗಕ್ಕೂ ಒಂದೇ ಕಟ್ಟುನಿಟ್ಟಿನ ನಿಯಮವಿರಲಿಲ್ಲ, ಆ ನಿಯಮ ಬಂದದ್ದು ಮಾತಿನ ಚಿತ್ರಗಳ ಜೊತೆಗೆ. ಪ್ರಹಸನಗಳನ್ನು ಬೇಕೆಂದೇ ಕೊಂಚ ನಿಧಾನವಾಗಿ ಚಿತ್ರೀಕರಿಸಿ, ತೆರೆಯ ಮೇಲೆ ಚುರುಕಾಗಿ ಕಾಣುವಂತೆ ಮಾಡುತ್ತಿದ್ದುದೂ ಉಂಟು. ಆದ್ದರಿಂದ ನಿಧಾನವಾಗಿರುವುದೆಲ್ಲ ಶುದ್ಧವೆಂದು ತಿಳಿಯಬೇಕಿಲ್ಲ. ಬೆರಳು ಸಿಕ್ಕಿಸುವ ಆಟಿಕೆಯ ದೃಶ್ಯವನ್ನು ಅಳತೆಗೋಲಾಗಿ ಇಟ್ಟುಕೊಳ್ಳಿ. ಬೆರಳು ಸಿಕ್ಕಿಕೊಂಡದ್ದು ಅರಿವಾಗಿ ಎದೆ ಧಸಕ್ಕೆನ್ನುವಷ್ಟು ಬಿಡುವು ಇರಬೇಕು, ಪ್ರೈಡ್‌ನ ಕುಣಿತ ಬಾಲಬಿಚ್ಚಿದ ಕೋತಿಯದಾಗಿ ಕಾಣುವಷ್ಟು ಚುರುಕೂ ಇರಬೇಕು.

ಸಾಗರದವಳು:

ಕಳೆದ ಬೇಸಿಗೆ ರಜೆಯಲ್ಲಿ ನಮ್ಮ ಮನೆಯ ಅಂಗಳದಲ್ಲಿ ಬಿಳಿಯ ಪಂಚೆ ಕಟ್ಟಿ, ಸಣ್ಣ ಪ್ರೊಜೆಕ್ಟರ್ ಇಟ್ಟು, ಅಕ್ಕಪಕ್ಕದ ಮಕ್ಕಳಿಗೆ ಈ ಚಿತ್ರವನ್ನು ತೋರಿಸಿದ್ದೆ. ಅಮೆರಿಕದಲ್ಲಿ 1925ರ ಚಿತ್ರಗಳ ಹಕ್ಕುಸ್ವಾಮ್ಯ 2021ರ ಆರಂಭದೊಡನೆ ಮುಗಿದಿರುವುದರಿಂದ ಪ್ರತಿ ಸುಲಭವಾಗಿ ಸಿಕ್ಕಿತು. ಎಂಬತ್ತು ದಾಟಿದ ನಮ್ಮ ಅಜ್ಜಿಯೂ ಕುರ್ಚಿ ಹಾಕಿಸಿಕೊಂಡು ಕುಳಿತಿದ್ದರು. ಅವರಿಗೆ ಸ್ಟೀವನ್‌ಸನ್ ಗೊತ್ತಿಲ್ಲ, ಬ್ಯಾರಿಮೋರ್ ಗೊತ್ತಿಲ್ಲ. ನಾನು ಪರದೆಯ ಪಕ್ಕದಲ್ಲಿ ನಿಂತು, ದೃಶ್ಯಗಳ ನಡುವೆ ಮಾತು ಬರೆದು ತೋರಿಸುವ ಶೀರ್ಷಿಕೆ ಫಲಕಗಳನ್ನು ಕನ್ನಡದಲ್ಲಿ ಓದುತ್ತಿದ್ದೆ. ವೈದ್ಯ ಲೋಟ ಎತ್ತಿದ ಕೂಡಲೇ ಅಜ್ಜಿ, 'ಅಯ್ಯೋ, ತಾನು ಅರೆದ ಮದ್ದನ್ನು ತಾನೇ ಕುಡಿಯುತ್ತಾನಲ್ಲ' ಎಂದರು. ಐಸ್‌ಕ್ರೀಮ್ ಕದ್ದಾಗ ಮಕ್ಕಳೆಲ್ಲ ನಕ್ಕರು, ಐದು ವರ್ಷದ ಹುಡುಗನೊಬ್ಬ ಮಾತ್ರ ನಗದೆ ತನ್ನ ಕೈಯಲ್ಲಿದ್ದ ಬಿಸ್ಕತ್ತನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡ. ಆ ಕ್ಷಣದಲ್ಲಿ ನನಗೆ ಈ ಚಿತ್ರದ ಬಲ ಅರ್ಥವಾಯಿತು. ದೊಡ್ಡವರಿಗೆ ಐಸ್‌ಕ್ರೀಮ್ ಕಳವು ಕ್ಷುಲ್ಲಕವಾದ್ದರಿಂದ ನಗು ಬರುತ್ತದೆ, ಐದು ವರ್ಷದವನಿಗೆ ಅದು ನಿಜವಾದ ಕ್ರೌರ್ಯ. ಲಾರೆಲ್ ಹೈಡ್‌ನ ಕ್ರೌರ್ಯವನ್ನು ಕಡಿಮೆ ಮಾಡಿಲ್ಲ, ಯಾರ ಎತ್ತರದಲ್ಲಿ ನಿಂತು ಅಳೆಯಬೇಕು ಎಂಬುದನ್ನು ಬದಲಿಸಿದ್ದಾನೆ.

ಬೆಳ್ಳಿಪರದೆ:

ಆ ಬಿಸ್ಕತ್ತಿನ ಪ್ರಸಂಗ ನನ್ನ ಇಡೀ ವಾದವನ್ನು ಬದಲಿಸಿದೆ ಎಂದು ಒಪ್ಪಿಕೊಳ್ಳಲೇಬೇಕು. ಬ್ಯಾರಿಮೋರ್‌ನ ಚಿತ್ರವನ್ನು ನೋಡಿರಬೇಕೆಂಬ ನನ್ನ ಷರತ್ತು ನಮ್ಮಂಥ ಸಿನಿಮಾ ಹುಚ್ಚಿನವರಿಗೆ ಮಾತ್ರ ಸಲ್ಲುತ್ತದೆ. ಕೃತ್ಯ ಮತ್ತು ಮನಸ್ಸಿನ ಭೇದವನ್ನು ಮಾತ್ರ ಬಿಟ್ಟುಕೊಡಲಾರೆ. ಅಂದಹಾಗೆ, ಸುರಿದ ಮದ್ದನ್ನು ನೆಕ್ಕಿದ ನಾಯಿಗೂ ಪ್ರೈಡ್‌ನ ಕೂದಲೇ ಬರುತ್ತದಲ್ಲ, ಅಲ್ಲಿ ಮಕ್ಕಳು ಏನು ಮಾಡಿದರು?

ಸಾಗರದವಳು:

ಅಲ್ಲಿ ಅಂಗಳವೇ ಹಾರಿಹೋಗುವಷ್ಟು ನಕ್ಕರು, ಅದನ್ನು ಎರಡು ಬಾರಿ ಹಿಂದಕ್ಕೆ ಓಡಿಸಿ ತೋರಿಸಬೇಕಾಯಿತು.

ತಬಲಾ ಮಾಸ್ತರ:

ಪ್ರೈಡ್‌ನ ಮುಖ ಇಷ್ಟು ವಿಚಿತ್ರವಾಗಿ ಕಾಣುವುದಕ್ಕೆ ಫಿಲ್ಮಿನ ರಸಾಯನವೂ ಒಂದು ಕಾರಣ. ಆಗ ಹೆಚ್ಚಾಗಿ ಬಳಕೆಯಲ್ಲಿದ್ದ ಆರ್ಥೋಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಬಣ್ಣ ಕಾಣದು, ಅದು ಕಪ್ಪಾಗಿ ಬೀಳುತ್ತದೆ. ನೀಲಿ ಬಣ್ಣ ಬಿಳಿಚಿಕೊಳ್ಳುತ್ತದೆ. ಲಾರೆಲ್‌ನ ಕಣ್ಣುಗಳು ತಿಳಿನೀಲಿ. ಈ ಕಣ್ಣುಗಳು ತೆರೆಯ ಮೇಲೆ ಬಿಳಿಚಿ ಕಾಣುತ್ತವೆ ಎಂಬುದು ನಿರ್ಮಾಪಕ ಹಾಲ್ ರೋಚ್‌ನಿಗೇ ಅವನ ಬಗ್ಗೆ ಇದ್ದ ಆಕ್ಷೇಪಣೆ, ಎಲ್ಲ ಬಣ್ಣಗಳನ್ನೂ ಗ್ರಹಿಸುವ ಪ್ಯಾಂಕ್ರೊಮ್ಯಾಟಿಕ್ ಫಿಲ್ಮು ಬಂದ ಮೇಲೆ ಆ ತೊಂದರೆ ಬಗೆಹರಿಯಿತು. ಸಾಮಾನ್ಯ ಪಾತ್ರಗಳಲ್ಲಿ ಕೊರತೆಯೆನಿಸಿದ ಆ ಬಿಳಿಚು ಕಣ್ಣು ಪ್ರೈಡ್‌ನ ಪಾತ್ರಕ್ಕೆ ವರವಾಗಿದೆ. ಇದೇ ರಸಾಯನದ ಇನ್ನೊಂದು ಮಗ್ಗುಲನ್ನು ಛಾಯಾಗ್ರಾಹಕ ಕಾರ್ಲ್ ಸ್ಟ್ರಸ್ 1931ರ ಜೆಕಿಲ್ ಚಿತ್ರದಲ್ಲಿ ಬಳಸಿಕೊಂಡ. ಮುಖಕ್ಕೆ ಬಣ್ಣದ ಗೆರೆಗಳನ್ನು ಮೊದಲೇ ಬಳಿದು, ದೀಪ ಅಥವಾ ಮಸೂರದ ಮುಂದಿನ ಬಣ್ಣದ ಸೋಸುಗವನ್ನು (ಫಿಲ್ಟರನ್ನು) ಬದಲಿಸಿದರೆ, ಅದುವರೆಗೆ ಕಾಣದಿದ್ದ ಗೆರೆಗಳು ಕತ್ತರಿಯಿಲ್ಲದೆಯೇ ಮುಖದ ಮೇಲೆ ಮೂಡುತ್ತವೆ. ಅದು ನಿಜಕ್ಕೂ ಮೈ ಜುಮ್ಮೆನ್ನಿಸುವ ದೃಶ್ಯ. ಆದರೆ ಅಂಥ ಚಾಕಚಕ್ಯತೆ ಪ್ರಹಸನಕ್ಕೆ ಬೇಕಿಲ್ಲ, ಅಲ್ಲಿ ವಿಗ್ಗು ವಿಗ್ಗೆಂದು ಕಾಣುವುದೇ ಚೆಂದ.

ಓದುಗ, ಮೈಸೂರು:

ಸಾಗರದವರು ಶೀರ್ಷಿಕೆ ಫಲಕಗಳನ್ನು ಕನ್ನಡಿಸಿದ್ದರಂತೆ. ಪಿಕಲ್ ಎಂಬ ಹೆಸರನ್ನು ಏನು ಮಾಡಿದಿರಿ? ಉಪ್ಪಿನಕಾಯಿ ವೈದ್ಯ ಎಂದರೆ ಹಾಸ್ಯ ಉಳಿಯುತ್ತದೆಯೇ?

ಸಾಗರದವಳು:

ಅದೇ ನನಗೆ ಎಲ್ಲಕ್ಕಿಂತ ಕಷ್ಟವಾದದ್ದು, ಈ ವೇದಿಕೆಯಲ್ಲಿ ಕೇಳಬೇಕೆಂದಿದ್ದೆ. ಫಲಕಗಳ ಮಾತು ಬರೆದವನು ಟೇ ಗಾರ್ನೆಟ್, ಮುಂದೆ ಸ್ವತಃ ನಿರ್ದೇಶಕನಾಗಿ ಹೆಸರು ಮಾಡಿದವನು. ಜೆಕಿಲ್ ಪಿಕಲ್ ಆದದ್ದು, ಹೈಡ್ ಪ್ರೈಡ್ ಆದದ್ದು ಬರಿಯ ಪ್ರಾಸಕ್ಕಲ್ಲ. ಇಂಗ್ಲಿಷಿನಲ್ಲಿ ಪಿಕಲ್‌ನಲ್ಲಿ ಸಿಕ್ಕಿಕೊಂಡವನೆಂದರೆ ಪೇಚಿಗೆ ಸಿಕ್ಕಿದವನು, ಪ್ರೈಡ್ ಎಂದರೆ ಜಂಭ. ಇದರ ಮೇಲೆ ಇನ್ನೊಂದು ಪದರವಿದೆ. ಮದ್ದಿನ ಹೆಸರು 'ಡಾಕ್ಟರ್ ಪಿಕಲ್‌ನ 58ನೆಯ ಬಗೆ'. ಹೈಂಜ್ ಕಂಪನಿ 1896ರಿಂದ ತನ್ನ ಉಪ್ಪಿನಕಾಯಿ, ಸಾಸುಗಳ ಮೇಲೆ '57 ಬಗೆಗಳು' ಎಂದು ಮುದ್ರಿಸಿಕೊಳ್ಳುತ್ತಾ ಬಂದಿತ್ತು, ಆ ಅಂಕಿ ಅಮೆರಿಕದ ಅಡುಗೆಮನೆಗಳಲ್ಲೆಲ್ಲ ಇತ್ತು. 58 ಎಂಬ ಒಂದೇ ಅಂಕಿಯಿಂದ, ಮನುಷ್ಯನ ಒಳಿತು ಕೆಡುಕುಗಳನ್ನು ಬೇರ್ಪಡಿಸುವ ಮಹಾಮದ್ದು ಅಂಗಡಿಯ ಬಾಟಲಿಯ ಮಟ್ಟಕ್ಕೆ ಇಳಿದುಬಿಡುತ್ತದೆ. ಹತ್ತು ವಾಕ್ಯಗಳ ಕೆಲಸವನ್ನು ಆ ಅಂಕಿ ಮಾಡಿದೆ.

ಕನ್ನಡದಲ್ಲಿ ಉಪ್ಪಿನಕಾಯಿ ಎಂದ ಕೂಡಲೇ ನಮಗೆ ಜಾಡಿ, ಮಿಡಿಮಾವು, ಊಟದ ಎಲೆಯ ತುದಿ ನೆನಪಾಗುತ್ತದೆಯೇ ಹೊರತು ಪೇಚು ನೆನಪಾಗುವುದಿಲ್ಲ. ಹಾಗಾಗಿ ಹೆಸರುಗಳನ್ನು ಇದ್ದಂತೆಯೇ ಓದಿ, ಬಾಟಲಿಯ ಫಲಕವನ್ನು ಮಾತ್ರ 'ಡಾಕ್ಟರರ ಐವತ್ತೆಂಟನೆಯ ಕಷಾಯ' ಎಂದು ಓದಿದೆ. ಮಕ್ಕಳಲ್ಲಿ ಒಬ್ಬಳು ಉಳಿದ ಐವತ್ತೇಳನ್ನು ಯಾರು ಕುಡಿದರು ಎಂದು ಕೇಳಿದಳು.

ಹಳೆಯ ರೀಲು:

ಆ ಮಗುವಿನ ಪ್ರಶ್ನೆ ಸ್ಟೀವನ್‌ಸನ್‌ನ ಪುಸ್ತಕದ ಮರ್ಮವನ್ನೇ ಮುಟ್ಟಿದೆ. ಅಲ್ಲಿ ಜೆಕಿಲ್‌ನ ದುರಂತ ಮದ್ದು ಫಲಿಸಿದ್ದರಿಂದ ಮಾತ್ರ ಆದದ್ದಲ್ಲ. ಮೊದಲು ತರಿಸಿದ ಲವಣ ಮುಗಿದುಹೋಗಿ, ಹೊಸದಾಗಿ ತರಿಸಿದ್ದು ಫಲಿಸದೆ, ಲಂಡನ್ನಿನ ಔಷಧಿ ಅಂಗಡಿಗಳನ್ನೆಲ್ಲ ಜಾಲಾಡಿಸಿದ ಮೇಲೆ, ಮೊದಲ ಲವಣದಲ್ಲಿದ್ದ ಯಾವುದೋ ಕಲಬೆರಕೆಯಿಂದಲೇ ಮದ್ದಿಗೆ ಶಕ್ತಿ ಬಂದಿತ್ತೆಂದು ಅವನು ತೀರ್ಮಾನಿಸುತ್ತಾನೆ. ಆ ಮಹಾವಿಜ್ಞಾನಿ ಕಂಡುಹಿಡಿದದ್ದು ಒಂದು ಆಕಸ್ಮಿಕವನ್ನು. ಗಂಭೀರ ಚಿತ್ರಗಳು ಈ ಅಂಶವನ್ನು ಅಷ್ಟಾಗಿ ಹಚ್ಚಿಕೊಳ್ಳದೆ, ನಾಟಕದ ಕಾಲದಿಂದ ಬಂದ ಪ್ರೇಮಪ್ರಸಂಗವನ್ನು ಹಿಡಿದುಕೊಂಡವು. ಲಾರೆಲ್‌ನ ಬಾಟಲಿಯ ಮೇಲಿನ 58 ಎಂಬ ಅಂಕಿಯಲ್ಲಿ, ಬೆರೆಸಿ ಬೆರೆಸಿ ನೋಡುವ ಆ ಕುರುಡು ಪ್ರಯತ್ನದ ನೆರಳಾದರೂ ಉಳಿದಿದೆ.

ಬೆಳ್ಳಿಪರದೆಯವರ ಭೇದಕ್ಕೆ ಈಗ ಮರಳುತ್ತೇನೆ. 1933ರ 'ಡರ್ಟಿ ವರ್ಕ್' ಎಂಬ ಮಾತಿನ ಕಿರುಚಿತ್ರವನ್ನು ತಾವು ನೋಡಿರುತ್ತೀರಿ. ಅಲ್ಲಿಯೂ ಒಬ್ಬ ವಿಜ್ಞಾನಿ ಇದ್ದಾನೆ, ವಯಸ್ಸನ್ನು ಹಿಂದಕ್ಕೆ ತಿರುಗಿಸುವ ಮದ್ದು ಇದೆ. ಹೊಗೆಗೂಡು ಗುಡಿಸಲು ಬಂದ ಲಾರೆಲ್ ಮತ್ತು ಹಾರ್ಡಿ ಆ ಮದ್ದಿನ ತೊಟ್ಟಿಯ ಬಳಿ ಸೇರುತ್ತಾರೆ. ಹಾರ್ಡಿ ಅದರೊಳಗೆ ಬಿದ್ದು ಚಿಂಪಾಂಜಿಯಾಗಿ ಎದ್ದುಬರುತ್ತಾನೆ, ಲಾರೆಲ್ ಮದ್ದಿನ ಹನಿಯೂ ಮುಟ್ಟದೆ ಪಕ್ಕದಲ್ಲಿ ನಿಂತು ಅಳುಮುಖ ಮಾಡುತ್ತಾನೆ. ಎಂಟು ವರ್ಷದ ಹಿಂದೆ ಮದ್ದು ಕುಡಿದು ಮಗುವಾದವನು ಈಗ ಮದ್ದಿಲ್ಲದೆಯೇ ಮಗುವಾಗಿದ್ದಾನೆ, ಕಿತಾಪತಿಯ ಹಿಗ್ಗು ಹೋಗಿ ಬೆರಗು ಮಾತ್ರ ಉಳಿದಿದೆ. ಪ್ರೈಡ್‌ನಲ್ಲಿಯೇ ಸ್ಟ್ಯಾನ್ ಇದ್ದಾನೆ ಎಂಬ ನನ್ನ ಮೊದಲ ಮಾತನ್ನು ಹಿಂದೆಗೆದುಕೊಳ್ಳುತ್ತೇನೆ. ಪ್ರೈಡ್‌ನಿಂದ ಆ ಹಿಗ್ಗನ್ನು ಕಳೆದ ಮೇಲೆ ಉಳಿದವನು ಸ್ಟ್ಯಾನ್ ಎಂದು ಹೇಳುವುದು ಸರಿಯೆನ್ನಿಸುತ್ತದೆ.

ಬೆಳ್ಳಿಪರದೆ:

ಅದನ್ನು ನಾನು ಸಂತೋಷದಿಂದ ಒಪ್ಪುತ್ತೇನೆ.

ತಬಲಾ ಮಾಸ್ತರ:

ಸಾಗರದವರು ಮತ್ತೆ ಪ್ರದರ್ಶನ ಇಟ್ಟರೆ ಹಿಮ್ಮೇಳಕ್ಕೆ ನಾನು ಬರಲು ಸಿದ್ಧ. ರೂಪಾಂತರದ ದೃಶ್ಯಕ್ಕೆ ಮಾತ್ರ ಸಂಗೀತ ಬೇಡ, ಲಾರೆಲ್‌ನ ಮೈಯೇ ಅಲ್ಲಿ ಸಾಕಷ್ಟು ತಾಳ ಹಾಕುತ್ತದೆ. ಪ್ರೈಡ್ ಬೀದಿಗಿಳಿದ ಮೇಲೆ ದ್ರುತಗತಿಯಲ್ಲಿ ಹಿಡಿದು, ಕಾಗದದ ಚೀಲ ಒಡೆಯುವ ಕ್ಷಣಕ್ಕೆ ಒಂದೇ ಒಂದು ಪೆಟ್ಟು ಬೀಳಬೇಕು.

ಸಾಗರದವಳು:

ಖಂಡಿತ ಬನ್ನಿ. ಮಳೆ ನಿಂತ ಮೇಲೆ ಇಡುತ್ತೇನೆ. ಚೀಲ ಒಡೆಯುವ ಚೌಕಟ್ಟು ನನ್ನ ಪ್ರತಿಯಲ್ಲಿ ಎಷ್ಟನೆಯ ನಿಮಿಷಕ್ಕೆ ಬರುತ್ತದೆ ಎಂದು ಇಂದು ರಾತ್ರಿ ನೋಡಿ ಇಲ್ಲಿಯೇ ಬರೆಯುತ್ತೇನೆ.